ಕರೆಂಟ್ ಕೊಡುವ ಬಾಯ್ಲರ್: ಮೊದಲು ನೋಡಬೇಕಾದ್ದು ವರ್ಷದ ಗ್ಯಾಸ್ ಬಿಲ್

ಬ್ರಿಟನ್ನಿನಲ್ಲಿ ಮನೆಗಳಿಗೆ ಗ್ಯಾಸ್, ಕರೆಂಟ್ ಎರಡನ್ನೂ ಮಾರುವ ಒಂದು ಕಂಪನಿಯ ಪರವಾಗಿ ನಾನು ಸರ್ವೆ ಮಾಡುತ್ತಿದ್ದೆ. ಕರೆಂಟ್ ತಯಾರಿಸುವ ಬಾಯ್ಲರ್ ಬೇಕು ಅಂದವರ ಮನೆಗೆ ಹೋಗಿ, ಅದು ಅಲ್ಲಿಗೆ ಹೊಂದುತ್ತದೆಯೇ ಎಂದು ಹೇಳುವುದು ಕೆಲಸ. ಬಾಯ್ಲರ್ ಅಂದರೆ ನಮ್ಮೂರಿನ ಬಚ್ಚಲಮನೆ ಗೀಸರ್ ಅಲ್ಲ. ನಲ್ಲಿಯ ಬಿಸಿನೀರಿಗೂ ಅದೇ, ಚಳಿಗಾಲದಲ್ಲಿ ಇಡೀ ಮನೆಯ ರೇಡಿಯೇಟರುಗಳನ್ನು ಕಾಯಿಸುವುದೂ ಅದೇ.

ಇದರೊಳಗೆ ಸ್ಟರ್ಲಿಂಗ್ ಎಂಜಿನ್ ಇರುತ್ತದೆ. ಸ್ಕಾಟ್ಲೆಂಡಿನ ಪಾದ್ರಿ ರಾಬರ್ಟ್ ಸ್ಟರ್ಲಿಂಗ್ 1816ರಲ್ಲೇ ಪೇಟೆಂಟಿಗೆ ಹಾಕಿದ್ದ ಎಂಜಿನ್ ಅದು. ಮುಚ್ಚಿದ ಸಿಲಿಂಡರಿನ ಒಂದು ತುದಿಗೆ ಗ್ಯಾಸಿನ ಉರಿ ತಾಗುತ್ತದೆ. ಇನ್ನೊಂದು ತುದಿಯನ್ನು ರೇಡಿಯೇಟರಿನಿಂದ ವಾಪಸ್ ಬರುವ ನೀರು ತಣ್ಣಗಿಡುತ್ತದೆ. ಒಳಗಿನ ಅನಿಲ ಹಿಗ್ಗಿ ಕುಗ್ಗಿದಂತೆ ಪಿಸ್ಟನ್ ಓಡಾಡುತ್ತದೆ, ಅದರ ಜೊತೆಗಿನ ಅಯಸ್ಕಾಂತ ಕಾಯಿಲ್‌ನಲ್ಲಿ ಕರೆಂಟ್ ಹುಟ್ಟಿಸುತ್ತದೆ. 2010ರ ಸುಮಾರಿಗೆ ಬ್ರಿಟಿಷ್ ಗ್ಯಾಸ್ ಎಂಬ ಕಂಪನಿ ಮಾರುತ್ತಿದ್ದ ಬ್ಯಾಕ್ಸಿ ಇಕೋಜೆನ್ ಬಾಯ್ಲರ್ ಈ ತರಹದ್ದು. ಸುಮಾರು 1 ಕಿಲೋವ್ಯಾಟ್ ಕರೆಂಟ್ ಕೊಡುತ್ತಿತ್ತು. 2010ರ ಏಪ್ರಿಲ್‌ನಲ್ಲಿ ಶುರುವಾದ ಸರ್ಕಾರದ ಯೋಜನೆಯಲ್ಲಿ, ಮನೆಯಲ್ಲಿ ತಯಾರಾದ ಪ್ರತಿ ಯೂನಿಟ್ಟಿಗೆ 10 ಪೆನ್ಸ್ ಸಿಗುತ್ತಿತ್ತು.

ಜನ 1 ಕಿಲೋವ್ಯಾಟ್ ಅಂತ ಕೇಳಿದ ಕೂಡಲೇ 24 ಗಂಟೆಗೆ ಲೆಕ್ಕ ಹಾಕುತ್ತಿದ್ದರು. ಆದರೆ ಮನೆಗೆ ಬಿಸಿ ಬೇಕಾದಾಗ ಮಾತ್ರ ಈ ಎಂಜಿನ್ ಓಡುವುದು. ವರ್ಷಕ್ಕೆ 2,000 ಗಂಟೆ ಓಡಿದರೆ 2,000 ಯೂನಿಟ್, 600 ಗಂಟೆ ಓಡಿದರೆ 600. ಬೇಸಿಗೆಯಲ್ಲಿ ಹೆಚ್ಚುಕಡಿಮೆ ಏನೂ ಇಲ್ಲ. ಹಾಗಾಗಿ ನಾನು ಮೊದಲು ಕೇಳುತ್ತಿದ್ದದ್ದು ಇಡೀ ವರ್ಷದ ಗ್ಯಾಸ್ ಬಿಲ್. ಗೋಡೆ ತಟ್ಟಿ ನೋಡುವುದು ಆಮೇಲೆ. ಯಂತ್ರ ವಿಪರೀತ ಭಾರ, ಪ್ಲಾಸ್ಟರ್‌ಬೋರ್ಡಿನ ತೆಳು ಗೋಡೆಗೆ ತೂಗುಹಾಕುವಂಥದ್ದಲ್ಲ.

ಒಂದು ಹೊಸ ಫ್ಲಾಟ್ ಚೆನ್ನಾಗಿ ನೆನಪಿದೆ. ಗಂಡ ಹೆಂಡತಿ ಇಬ್ಬರೇ, ಗೋಡೆ ಕಿಟಕಿ ಎಲ್ಲ ಬಿಸಿ ಸೋರದಷ್ಟು ಭದ್ರ. ಬೆಳಗ್ಗೆ ಸ್ವಲ್ಪ ಹೊತ್ತು, ಸಂಜೆ ಸ್ವಲ್ಪ ಹೊತ್ತು ಹೀಟಿಂಗ್ ಹಾಕಿದರೆ ಸಾಕಿತ್ತು. ಎಂಜಿನ್ ಕಾದು ಕರೆಂಟ್ ಕೊಡಲು ಸ್ವಲ್ಪ ಸಮಯ ಬೇಕು. ಅಷ್ಟರಲ್ಲಿ ಅವರ ರೂಮ್ ಬೆಚ್ಚಗಾಗಿ ಥರ್ಮೋಸ್ಟಾಟ್ ಅದನ್ನು ನಿಲ್ಲಿಸಿಬಿಡುತ್ತಿತ್ತು. ಹೊಗೆಯ ಬಿಸಿಯನ್ನೂ ಬಳಸಿಕೊಳ್ಳುವ ಮಾಮೂಲಿ ಕಂಡೆನ್ಸಿಂಗ್ ಬಾಯ್ಲರೇ ಸಾಕು, ಸುಮ್ನೆ ಜಾಸ್ತಿ ದುಡ್ಡು ಹಾಕಬೇಡಿ ಎಂದೆ. ಸೇಲ್ಸ್‌ನವರಿಗೆ ಇಂಥ ವರದಿ ಹಿಡಿಸುತ್ತಿರಲಿಲ್ಲ. ಆದರೆ ಹಲವು ವರ್ಷ ಆ ಮನೆಯವರ ಜೊತೆ ಇರುವ ಯಂತ್ರ ಅದು. ದೊಡ್ಡ ಹಳೇ ಕಲ್ಲಿನ ಮನೆ, ಇಡೀ ದಿನ ಮನೆಯಲ್ಲೇ ಇರುವ ವಯಸ್ಸಾದವರು ಅಂದರೆ ನಾನೇ ಉತ್ಸಾಹದಿಂದ ಶಿಫಾರಸು ಮಾಡುತ್ತಿದ್ದೆ.

ಕೆಲವರು ಜಾಣತನದ ಪ್ರಶ್ನೆ ಕೇಳುತ್ತಿದ್ದರು: ಹಾಗಾದರೆ ಅಟ್ಟಕ್ಕೆ ಇನ್ಸುಲೇಶನ್ (ಬಿಸಿ ಹೊರಹೋಗದಂತೆ ತಡೆಯುವ ಹೊದಿಕೆ) ಹಾಕಿಸದಿದ್ದರೇ ಲಾಭ ಅಲ್ವಾ, ಎಂಜಿನ್ ಜಾಸ್ತಿ ಓಡುತ್ತದೆ? ಇಲ್ಲ. ಒಂದು ಯೂನಿಟ್ ಕರೆಂಟ್ ಬರುವಷ್ಟರಲ್ಲಿ ಅದರ ಹಲವು ಪಟ್ಟು ಗ್ಯಾಸ್ ಉರಿದಿರುತ್ತದೆ. ಆ ಬಿಸಿ ಮನೆಗೆ ಬೇಕಿದ್ದರೆ ಮಾತ್ರ ಲೆಕ್ಕ ಕೂಡುತ್ತದೆ, ಚಾವಣಿಯಿಂದ ಸೋರಿ ಹೋದರೆ ಪೂರಾ ನಷ್ಟ. ಮೊದಲು ಅಟ್ಟ, ಆಮೇಲೆ ಬಾಯ್ಲರ್ ಎಂದೇ ಎಲ್ಲರಿಗೂ ಹೇಳುತ್ತಿದ್ದೆ.

ಇನ್ನೊಂದು ವಿಷಯ ಅವರು ಕೇಳದಿದ್ದರೂ ನಾನೇ ಹೇಳುತ್ತಿದ್ದೆ. ಪವರ್‌ಕಟ್ ಆದಾಗ ಇದು ಮನೆಗೆ ಕರೆಂಟ್ ಕೊಡುವುದಿಲ್ಲ. ಲೈನ್ ರಿಪೇರಿ ಮಾಡುವವರಿಗೆ ಶಾಕ್ ಹೊಡೆಯಬಾರದಲ್ಲ, ಅದಕ್ಕೆ ತಾನೇ ನಿಂತುಬಿಡುತ್ತದೆ.

ಯೂನಿಟ್ಟಿಗೆ ದುಡ್ಡು ಕೊಡುತ್ತಿದ್ದ ಆ ಸರ್ಕಾರಿ ಯೋಜನೆ 2019ರ ಮಾರ್ಚ್ ಕೊನೆಗೆ ಹೊಸಬರಿಗೆ ಮುಚ್ಚಿತು. ಈಗ ನಾನು ಹೀಟ್ ಪಂಪ್ ಸರ್ವೆ ಮಾಡುತ್ತೇನೆ, ಅಂದರೆ ಹೊರಗಿನ ಬಿಸಿಯನ್ನು ಕರೆಂಟಿನಿಂದ ಮನೆಯೊಳಗೆ ತರುವ ಯಂತ್ರದ್ದು. ಇಲ್ಲಿ ಇನ್ಸುಲೇಶನ್ ಚೆನ್ನಾಗಿದ್ದಷ್ಟೂ ಚಿಕ್ಕ ಯಂತ್ರ ಸಾಕಾಗುತ್ತದೆ.