ವಾಡಿ–ಸಿಕಂದರಾಬಾದ್ ಮಾರ್ಗದ ಸಣ್ಣ ನಿಲ್ದಾಣ: ಮಾದರಿಯ ಕೆಲಸ ಎಲ್ಲಿಗೆ ಬಂತು

ಚಿತ್ತಾಪುರ ಮತ್ತು ಸೇಡಂ ನಡುವಿನ ಮಳಖೇಡ ರೋಡ್‌ನಂತಹ ಒಂದು ಸಣ್ಣ ನಿಲ್ದಾಣವನ್ನು 1:87 ಪ್ರಮಾಣದ (ನಿಜದ ಅಳತೆಯ 87ರಲ್ಲಿ ಒಂದು ಪಾಲಿನ) ಮಾದರಿಯಾಗಿ ಕಟ್ಟುವ ಕೆಲಸದಲ್ಲಿ ಹಳಿ ಹಾಸುವ ಹಂತ ಈ ತಿಂಗಳು ಮುಗಿದಿದೆ. ಅಂಗಡಿಯ ಸಿದ್ಧ ಹಳಿ ಬಳಸಿದ್ದರೆ ಎಂದೋ ಮುಗಿಯುತ್ತಿತ್ತು; ಆದರೆ ಅದರ ಗೇಜು (ಎರಡು ಹಳಿಗಳ ನಡುವಿನ ಅಂತರ) 16.5 ಮಿ.ಮೀ., ಅಂದರೆ ಹೊರದೇಶಗಳ 1435 ಮಿ.ಮೀ. ಗೇಜಿಗೆ ಹೊಂದುವಂಥದ್ದು. ನಮ್ಮ ಬ್ರಾಡ್‌ಗೇಜ್ 1676 ಮಿ.ಮೀ. ಇರುವುದರಿಂದ ಇದೇ ಪ್ರಮಾಣದಲ್ಲಿ 19.3 ಮಿ.ಮೀ. ಬೇಕು. ವ್ಯತ್ಯಾಸ ಅಲ್ಪವೆನಿಸಿದರೂ ಮೇಲೆ ಬೋಗಿ ಇಟ್ಟೊಡನೆ ಸಿದ್ಧ ಹಳಿ ಸೊರಗಿದಂತೆ ಕಾಣುತ್ತದೆ. ಆದ್ದರಿಂದ ಹಳಿಯಡಿಯ ಅಡ್ಡಪಟ್ಟಿಗಳಾದ ಸ್ಲೀಪರ್‌ಗಳನ್ನು ಒಂದೊಂದಾಗಿ ಕತ್ತರಿಸಿ, ಹಿತ್ತಾಳೆಯ ಅಳತೆಪಟ್ಟಿ ಇಟ್ಟು ನೋಡುತ್ತ, ಕೈಯಿಂದಲೇ ಬೆಸುಗೆ ಹಾಕಿದ್ದೇನೆ.

ಈ ಹಟಕ್ಕೆ ಕಾರಣ ಮಾರ್ಗದ ಚರಿತ್ರೆ. ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆ ಮುಂಬಯಿಯಿಂದ ಹಾಕುತ್ತ ಬಂದ ಹಳಿ 1871ರಲ್ಲಿ ರಾಯಚೂರಿನಲ್ಲಿ ಮದ್ರಾಸಿನ ಹಳಿಗೆ ಕೂಡಿಕೊಂಡಿತು. ವಾಡಿಯಲ್ಲಿ ಅದರಿಂದ ಕವಲೊಡೆದು ಸಿಕಂದರಾಬಾದಿಗೆ ಹೋಗುವ ಮಾರ್ಗ 1874ರಲ್ಲಿ ತೆರೆಯಿತು. ಆಗ ಹೈದರಾಬಾದ್ ಸಂಸ್ಥಾನದ ನಿಜಾಮ ಮಹಬೂಬ್ ಅಲಿ ಖಾನ್ ಇನ್ನೂ ಬಾಲಕ, ದಿವಾನಗಿರಿ ಒಂದನೇ ಸಾಲಾರ್ ಜಂಗ್‌ರದು. ಗೇಜು ಒಂದೇ ಆದುದರಿಂದ ಮುಂಬಯಿಯ ವ್ಯಾಗನ್ನು ವಾಡಿಯಲ್ಲಿ ಸರಕು ಇಳಿಸಿ ಏರಿಸುವ ತಾಪತ್ರಯವಿಲ್ಲದೆ ಸಿಕಂದರಾಬಾದಿನ ಬ್ರಿಟಿಷ್ ದಂಡಿನವರೆಗೂ ಹೋಗಬಹುದಾಗಿತ್ತು; ಮಾರ್ಗಕ್ಕೆ ಹಣ ಕೊಟ್ಟ ಖಜಾನೆ ಸಂಸ್ಥಾನದ್ದಾದರೂ ಹೆಚ್ಚಿನ ಅನುಕೂಲ ಆ ದಂಡಿಗೇ ಆಯಿತೆಂದು ನನಗನಿಸುತ್ತದೆ. ಈ ಮಾರ್ಗ 1951ರಲ್ಲಿ ಸೆಂಟ್ರಲ್ ರೈಲ್ವೆಗೆ, 1966ರಲ್ಲಿ ದಕ್ಷಿಣ ಮಧ್ಯ ರೈಲ್ವೆಗೆ ಸೇರಿತು. ನನ್ನ ಮಾದರಿ ಅದರ ನಂತರದ, ಉಗಿ ಇಂಜಿನ್ ಇನ್ನೂ ಓಡುತ್ತಿದ್ದ ಎಪ್ಪತ್ತರ ದಶಕದ್ದು.

ಪ್ಲಾಟ್‌ಫಾರ್ಮಿನ ಉದ್ದದಲ್ಲಿ ಮಾತ್ರ ರಾಜಿ ಅನಿವಾರ್ಯ. ಐಸಿಎಫ್ (ಚೆನ್ನೈನ ಇಂಟಿಗ್ರಲ್ ಕೋಚ್ ಫ್ಯಾಕ್ಟರಿ) ಬೋಗಿಯೊಂದು ಈ ಪ್ರಮಾಣದಲ್ಲಿ ಸುಮಾರು 25 ಸೆಂ.ಮೀ. ಆಗುವುದರಿಂದ ಹನ್ನೆರಡು ಬೋಗಿಗಳ ಗಾಡಿಗೆ ಮೂರು ಮೀಟರ್ ಬೇಕು. ಎಂಟು ಅಡಿಯ ಹಲಗೆಯ ಮೇಲೆ ಐದು ಬೋಗಿಗಳಿಗೆ ತೃಪ್ತಿಪಟ್ಟಿದ್ದೇನೆ. ನೆಲಕ್ಕೆ ಹಾಸಿದ್ದು ರಟ್ಟಿನಲ್ಲಿ ಕತ್ತರಿಸಿದ ಶಹಾಬಾದ್ ಫರಸಿ. ಎಲ್ಲ ಚಪ್ಪಡಿಗಳಿಗೂ ಒಂದೇ ಬೂದು ಬಣ್ಣ ಬಳಿದರೆ ಸಿಮೆಂಟಿನ ನೆಲದಂತಾಗುತ್ತದೆ. ಕೆಲವಕ್ಕೆ ನೀಲಿ, ಕೆಲವಕ್ಕೆ ಹಳದಿ ಛಾಯೆ ಕೊಟ್ಟು, ಅಂಚುಗಳನ್ನು ಉಗುರಿನಿಂದ ತುಸು ಕೆತ್ತಿದಾಗ ಕಲ್ಲೆನಿಸುತ್ತದೆ.

ಸುತ್ತಲಿನ ತೊಗರಿ ಹೊಲಗಳಿಗೆ ಜರಡಿ ಹಿಡಿದ ಎರೆಮಣ್ಣನ್ನೇ ಫೆವಿಕಾಲ್ ನೀರಿನಲ್ಲಿ ಕಲಸಿ ಹರಡಿದ್ದೇನೆ. ಒಣಗುವಾಗ ಅದು ಬೇಸಿಗೆಯ ಹೊಲದಂತೆ ತಾನೇ ಬಿರುಕು ಬಿಡುತ್ತದೆ, ಇಷ್ಟು ಚೆನ್ನಾದ ಬಿರುಕನ್ನು ಕೈಯಿಂದ ಬಿಡಿಸುವುದು ಸಾಧ್ಯವಿಲ್ಲ. ಹಳಿಯ ಏರಿಯ ಮೇಲೆ ಅದೇ ಗುಣ ತೊಂದರೆಯಾದೀತೆಂದು ಅಲ್ಲಿ ಮುರುಮ್ ಪುಡಿ ಹಾಕಿದ್ದೇನೆ.

ಮುಂದಿನ ಕೆಲಸ ಕೈಮರದ ಸಿಗ್ನಲ್. ಕಂಬದ ಮೇಲಿನ ತೋಳು ಅಡ್ಡವಾಗಿದ್ದರೆ ಗಾಡಿ ನಿಲ್ಲಬೇಕು, ಕೆಳಕ್ಕೆ ಬಾಗಿದರೆ ಹೊರಡಬಹುದು. ತೋಳನ್ನು ಎಳೆಯುವ ತಂತಿ ನೆಲದ ಮೇಲೆ ಗಾಲಿಗಳ ಮೂಲಕ ಸಾಗುವುದನ್ನು ಕಾಣುವಂತೆಯೇ ತೋರಿಸಬೇಕೆಂದಿದ್ದೇನೆ. ಅದಕ್ಕೆ ಮೀನು ಹಿಡಿಯುವ ಗಾಳದ ದಾರ ತಂದಿಟ್ಟಾಗಿದೆ.