ಹೊಸ ಸಿಂಕಿಗೆ ತುಕ್ಕು ಬಂದಿದ್ದು ಎಲ್ಲಿಂದ?

ದಾವಣಗೆರೆಯಲ್ಲಿ ಮನೆ ಕ್ಲೀನಿಂಗ್ ಕೆಲಸ ನಮ್ಮದು. ಗೃಹಪ್ರವೇಶಕ್ಕೆ ವಾರ ಇದೆ ಅನ್ನೋವಾಗ ಹೊಸ ಮನೆಯವರು ಕರೆಸೋದೇ ಹೆಚ್ಚು. ಅಂಥ ಮನೆಗಳಲ್ಲಿ ಒಂದು ವಿಷಯ ಮತ್ತೆ ಮತ್ತೆ ಕಾಣುತ್ತೆ. ಸಿಂಕಲ್ಲಿ ಒಂದು ಪಾತ್ರೆನೂ ತೊಳೆದಿರಲ್ಲ, ಆಗಲೇ ತುಂಬಾ ಕಂದು ಚುಕ್ಕಿ.

ವಿದ್ಯಾನಗರದ ಒಂದು ಮನೆಯಲ್ಲಿ ಯಜಮಾನರು ಬಿಲ್ ಕೈಲಿ ಹಿಡಿದೇ ನಿಂತಿದ್ದರು. "ನೋಡಮ್ಮ, 304 ಸ್ಟೀಲ್ ಅಂತ ದುಡ್ಡು ಇಸ್ಕೊಂಡು ಡೂಪ್ಲಿಕೇಟ್ ಕೊಟ್ಟಿದಾರೆ" ಅಂದರು. 304 ಅಂದರೆ ಸ್ಟೇನ್‌ಲೆಸ್ ಸ್ಟೀಲಿನ ಒಂದು ದರ್ಜೆ. ನಾನು ನೆಲ ನೋಡಿದೆ. ಟೈಲ್ಸ್ ಸಂದಿಯೆಲ್ಲ ಬೆಳ್ಳಗಾಗಿತ್ತು.

"ಆಸಿಡ್ ಹಾಕಿ ತೊಳೆಸಿದ್ರಾ ಸರ್?"

"ಹ್ಞೂಂ, ಸಿಮೆಂಟ್ ಕಲೆ ಹೋಗ್ಲಿ ಅಂತ ಮೇಸ್ತ್ರಿ ತೊಳೆಸಿ ಬಾಗಿಲು ಹಾಕ್ಕೊಂಡು ಹೋಗಿದ್ರು."

ಸಮಸ್ಯೆ ಅಲ್ಲೇ ಇತ್ತು. ಟೈಲ್ಸ್‌ಗೆ ಹಾಕೋದು ಸಾಮಾನ್ಯವಾಗಿ ಹೈಡ್ರೋಕ್ಲೋರಿಕ್ ಆಸಿಡ್. ಅದು ಸಿಂಕಿಗೆ ತಾಗಲೇಬೇಕು ಅಂತಿಲ್ಲ, ಮುಚ್ಚಿದ ಮನೆಯಲ್ಲಿ ಅದರ ಹೊಗೆಯೇ ಸಾಕು. 304 ಸ್ಟೀಲಿನಲ್ಲಿ ಸುಮಾರು ಶೇ. 18 ಕ್ರೋಮಿಯಂ, ಶೇ. 8 ನಿಕಲ್ ಇರುತ್ತೆ. ಕ್ರೋಮಿಯಂ ಗಾಳಿಯ ಆಮ್ಲಜನಕದ ಜೊತೆ ಸೇರಿ ಕಣ್ಣಿಗೆ ಕಾಣದ ಪದರ ಕಟ್ಟುತ್ತೆ, ಸ್ಟೀಲನ್ನು ಕಾಯೋದು ಅದೇ. ಸಣ್ಣಪುಟ್ಟ ಗೀರು ಬಿದ್ದರೂ ತಾನಾಗೇ ಕೂಡಿಕೊಳ್ಳುತ್ತೆ. ಆದರೆ ಕ್ಲೋರೈಡ್ (ಈ ಆಸಿಡ್‌ನಲ್ಲೂ ಉಪ್ಪಲ್ಲೂ ಇರೋ ಕ್ಲೋರಿನ್ ರೂಪ) ತಾಗಿದರೆ ಆ ಪದರಕ್ಕೆ ತೂತು ಬೀಳುತ್ತೆ. ಬಾತ್‌ರೂಮ್ ಆಸಿಡ್, ಬ್ಲೀಚಿಂಗ್ ಪೌಡರ್, ರಾತ್ರಿಯಿಡೀ ನಿಂತ ಉಪ್ಪುನೀರು, ಮೂರರಿಂದಲೂ ಇದೇ ಅಪಾಯ. (ಆಸಿಡ್ ಜೊತೆ ಬ್ಲೀಚಿಂಗ್ ಪೌಡರ್ ಯಾವತ್ತೂ ಸೇರಿಸಬೇಡಿ, ವಿಷದ ಗಾಳಿ ಏಳುತ್ತೆ.) ಒಳ್ಳೆ ಸ್ಟೀಲಿಗೂ ಹೀಗಾಗುತ್ತೆ, ಹಾಗಾಗಿ ಅಂಗಡಿಯವರ ಜೊತೆ ಜಗಳಕ್ಕೆ ಹೋಗಬೇಡಿ ಅಂತ ಅವರಿಗೆ ಹೇಳಿದೆ.

ಕಿಟಕಿ ತೆಗೆದು ಸಿಂಕಿಗೆ ಧಾರಾಳವಾಗಿ ನೀರು ಬಿಟ್ವಿ. ಉಳಿದ ಆಸಿಡ್ ಸಾಯಲಿ ಅಂತ ಅಡುಗೆ ಸೋಡಾ ಕಲಸಿ ಬಳಿದು, ಸ್ವಲ್ಪ ಹೊತ್ತು ಬಿಟ್ಟು ತೊಳೆದ್ವಿ. ಆಮೇಲೆ ಬಿಸಿನೀರಿಗೆ ನಿಂಬೆ ಉಪ್ಪು (ಸಿಟ್ರಿಕ್ ಆಸಿಡ್) ಕರಗಿಸಿ, ಬಟ್ಟೆ ಅದ್ದಿ ಸಿಂಕಿಗೆ ಹಾಸಿ ಅರ್ಧ ಗಂಟೆ ಬಿಟ್ಟೆ. ಸೋಡಾ, ನಿಂಬೆ ಉಪ್ಪು ಎರಡನ್ನೂ ಒಟ್ಟಿಗೆ ಸುರಿಯೋರು ತುಂಬಾ ಜನ. ನೊರೆ ಏನೋ ಜೋರಾಗಿ ಬರುತ್ತೆ, ಆದರೆ ಒಂದರ ಶಕ್ತಿಯನ್ನು ಇನ್ನೊಂದು ತಿಂದುಹಾಕುತ್ತೆ. ಬಟ್ಟೆ ಎತ್ತಿದಾಗ ಕಂದು ಬಣ್ಣ ಬಟ್ಟೆಗೆ ಬಂದಿತ್ತು. ಜಾಲರಿ ಸುತ್ತ ಮಾತ್ರ ಉಗುರಿಗೆ ಸಿಗೋಷ್ಟು ಸಣ್ಣ ಗುಳಿ ಉಳಿದವು. ಗುಳಿ ಬಿದ್ದ ಮೇಲೆ ಎಷ್ಟು ಪಾಲಿಶ್ ಮಾಡಿದರೂ ಹೋಗಲ್ಲ. ಅದನ್ನೂ ಮುಚ್ಚಿಡದೆ ಹೇಳಿದೆ.

ನಮ್ಮ ತಂಡಕ್ಕೆ ಹೊಸದಾಗಿ ಬಂದ ಹುಡುಗಿ ಕಬ್ಬಿಣದ ನಾರು ತೆಗೆದಳು. "ಅಕ್ಕಾ, ಇದ್ರಲ್ಲಿ ಉಜ್ಜಿದ್ರೆ ಬೇಗ ಹೋಗುತ್ತೆ." ಬೇಗ ಹೋಗುತ್ತೆ, ನಿಜ. ಆದರೆ ನಾರಿನ ಚೂರು ಸ್ಟೀಲಿಗೆ ಕಚ್ಚಿಕೊಂಡು ಎರಡು ದಿನದಲ್ಲಿ ಅದೇ ತುಕ್ಕು ಹಿಡಿಯುತ್ತೆ. ಅವಳಿಗೆ ಮೆತ್ತನೆ ಸ್ಪಂಜು ಕೊಟ್ಟು, ಸಿಂಕಿನ ಮೇಲೆ ಮೊಬೈಲ್ ಟಾರ್ಚ್ ಓರೆಯಾಗಿ ಹಿಡಿದು ತೋರಿಸಿದೆ. ಮ್ಯಾಟ್ ಸ್ಟೀಲಿನಲ್ಲಿ ಕೂದಲೆಳೆಯಂಥ ಗೆರೆಗಳು ಒಂದೇ ದಿಕ್ಕಿಗೆ ಹೋಗಿರುತ್ತವೆ. ಕೈ ಆ ಗೆರೆಯ ಜೊತೆಗೇ ಓಡಬೇಕು. ಸುತ್ತಿ ಸುತ್ತಿ ಉಜ್ಜಿದರೆ ಹೊಳಪು ಮಸುಕಾಗುತ್ತೆ. ಕೊನೆಗೆ ಒಣಬಟ್ಟೆಯಲ್ಲಿ ಒರೆಸಿ, ನಾಲ್ಕು ಹನಿ ಕೊಬ್ಬರಿ ಎಣ್ಣೆ ಸವರಿದರೆ ಆಯ್ತು.

ಬಳಕೆಯ ಮನೆಗಳಲ್ಲಿ ಕಥೆ ಬೇರೆ. ನಲ್ಲಿ ಬುಡದಲ್ಲಿ ಬೆಳ್ಳಗೆ ಗಟ್ಟಿ ಕಟ್ಟಿರೋದು ಬೋರ್ ನೀರಿನ ಸುಣ್ಣ. ಸೋಪಿಗೆ ಅದು ಜಗ್ಗಲ್ಲ. ನಿಂಬೆ ಹೋಳೋ ಹುಣಸೆಯೋ ಹಚ್ಚಿ ಕಾದರೆ ಕರಗುತ್ತೆ.

ಈಗ ಹೊಸ ಮನೆ ಕೆಲಸ ಒಪ್ಪಿಕೊಳ್ಳೋ ಮೊದಲು ಮೇಸ್ತ್ರಿಗೇ ಫೋನ್ ಮಾಡ್ತೀನಿ. ಆಗೋದಾದರೆ ಆಸಿಡ್ ಕೆಲಸ ಮುಗಿದ ಮೇಲೇ ಸಿಂಕ್ ಕೂರಿಸಿ, ಇಲ್ಲಾಂದ್ರೆ ಕ್ಲೋರೈಡ್ ಇಲ್ಲದ ಸಲ್ಫಾಮಿಕ್ ಆಸಿಡ್ ಪುಡಿ ಬಳಸಿ ಅಂತ ಕೇಳ್ಕೊಳ್ತೀನಿ. ಕೆಲವರು ಒಪ್ಪಲ್ಲ. ಅಂಥವರಿಗೆ ಕಿಟಕಿ ಎಲ್ಲ ತೆಗೆದಿಡಿ, ತೊಳೆದ ತಕ್ಷಣ ಸಿಂಕಿಗೂ ನಾಲ್ಕು ಬಕೆಟ್ ನೀರು ಹುಯ್ಯಿರಿ ಅಂತೀನಿ.