ಕೊಡಗಿನ ಮಳೆಗೆ ಸೈಕಲ್ ಪೊಂಚೊ: ಕೊಳ್ಳುವ ಮುಂಚೆ

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಭಾಗಮಂಡಲದ ಕಡೆ ಸೈಕಲ್ ತುಳಿಯುವುದಾದರೆ ರೇನ್‌ಕೋಟ್‌ಗಿಂತ ಪೊಂಚೊ (ತೋಳಿಲ್ಲದೆ, ತಲೆಯಿಂದ ಇಳಿಬಿಟ್ಟು ಹೊದೆಯುವ ಮಳೆಹೊದಿಕೆ) ಹಿತ. ಏರು ಹತ್ತುವಾಗ ಕೋಟಿನೊಳಗೆ ಬೆವರಿ ಮೈಯೆಲ್ಲ ಒದ್ದೆ. ಪೊಂಚೊ ಕೆಳಗೆ ಗಾಳಿಯಾಡುತ್ತದೆ.

ಲೇಬಲ್ ಮೇಲೆ ನೀರು ತಡೆಯುವ ಅಂಕಿ ನೋಡಿ; ಬಟ್ಟೆ ಎಷ್ಟು ಎತ್ತರದ ನೀರಿನ ಒತ್ತಡ ತಡೆಯುತ್ತದೆ ಎಂಬುದನ್ನು ಅದು ಮಿ.ಮೀ.ನಲ್ಲಿ ಹೇಳುತ್ತದೆ. ಇಲ್ಲಿನ ಜಡಿಮಳೆಗೆ 5,000 ಮಿ.ಮೀ.ಗಿಂತ ಕಡಿಮೆಯದು ಬೇಡವೇ ಬೇಡ. ಆದರೆ ಅಂಕಿಗಿಂತ ಹೊಲಿಗೆ ಮುಖ್ಯ. ಪೊಂಚೊ ಒಳಮಗ್ಗುಲು ತಿರುಗಿಸಿ: ಭುಜ, ಟೋಪಿಯ ಹೊಲಿಗೆಯುದ್ದಕ್ಕೂ ಟೇಪ್ ಅಂಟಿಸಿರಬೇಕು. ಇಲ್ಲದಿದ್ದರೆ ಸೂಜಿ ತೂತುಗಳಿಂದಲೇ ನೀರು ಜಿನುಗುತ್ತದೆ.

ನಡೆಯುವವರ ಪೊಂಚೊ ಸೈಕಲ್ಲಿಗೆ ಅಪಾಯ. ಸೈಕಲ್ಲಿನದಕ್ಕೆ ಮುಂದೆ ಹೆಬ್ಬೆರಳು ಸಿಕ್ಕಿಸುವ ಕುಣಿಕೆ, ಒಳಗೆ ಸೊಂಟಕ್ಕೆ ಕಟ್ಟುವ ಪಟ್ಟಿ ಇರುತ್ತದೆ. ಪಟ್ಟಿ ಕಟ್ಟದಿದ್ದರೆ ಹಿಂಬದಿ ಹಾರಿ ಚಕ್ರದ ಕಡ್ಡಿಗೆ ಸಿಕ್ಕಿಕೊಳ್ಳುತ್ತದೆ. ಸೀಟಿನ ಮೇಲೆ ಕೂತೇ ಅಳತೆ ನೋಡಿ: ಮುಂಭಾಗ ಹ್ಯಾಂಡಲ್ ಮುಚ್ಚಬೇಕು, ಹಿಂಭಾಗ ಚಕ್ರಕ್ಕೆ ಒಂದು ಗೇಣು ಮೇಲಿರಬೇಕು. ಟೋಪಿ ಹೆಲ್ಮೆಟ್ ಒಳಗೆ ಹಾಕಿ; ಕತ್ತು ತಿರುಗಿಸಿದರೆ ಅದೂ ತಿರುಗಬೇಕು, ಇಲ್ಲದಿದ್ದರೆ ಹಿಂದಿನ ಬಸ್ಸು ಕಾಣುವುದಿಲ್ಲ.

ಹ್ಯಾಂಡಲ್ ಮೇಲಿನ ಲೈಟು ಪೊಂಚೊ ಕೆಳಗೆ ಮುಚ್ಚಿಹೋಗುತ್ತದೆ, ಅದನ್ನು ಹೆಲ್ಮೆಟ್‌ಗೆ ಕಟ್ಟಿ. ಬಣ್ಣ ಹಳದಿ ಅಥವಾ ಕಿತ್ತಳೆ ಇರಲಿ. ಕಾಫಿ ತೋಟದ ನಡುವಿನ ಮಂಜಿನಲ್ಲಿ ಹಸಿರು, ಬೂದು ಕಣ್ಣಿಗೇ ಬೀಳುವುದಿಲ್ಲ. ಮಡ್‌ಗಾರ್ಡ್ ಇಲ್ಲದ ಸೈಕಲ್ಲಿಗೆ ಎಷ್ಟು ದುಬಾರಿ ಪೊಂಚೊ ಕೊಂಡರೂ ಕೆಸರು ಕೆಳಗಿನಿಂದ ಎರಚುತ್ತದೆ.

ಸಂಪಾಜೆ ಘಾಟಿ ಇಳಿಯುವಾಗ ಗಾಳಿ ಜೋರಿದ್ದರೆ ಪೊಂಚೊ ಬಿಚ್ಚಿಡಿ. ಅಡ್ಡಗಾಳಿ ಸೈಕಲ್ಲನ್ನೇ ಪಕ್ಕಕ್ಕೆ ತಳ್ಳುತ್ತದೆ.

ಒದ್ದೆ ಪೊಂಚೊ ಮಡಚಿಟ್ಟರೆ ಬೂಸ್ಟು ಹಿಡಿದು ಒಳಪದರ ಅಂಟಂಟಾಗಿ ಸುಲಿಯುತ್ತದೆ. ನೆರಳಲ್ಲಿ ಹರವಿ, ಒಲೆಯ ಹತ್ತಿರ ಬೇಡ.